ಜೋಕು ಬರೆಯುತ್ತಿದ್ದ ಹುಡುಗ, ಮಾತಿಲ್ಲದ ಸಿನಿಮಾ

(ನಮ್ಮೂರಿನ ಚಿತ್ರ ಸಮಾಜದಲ್ಲಿ ಸಿನಿಮಾ ತೋರಿಸುವ ಮುಂಚೆ ಆಡಿದ ಮಾತುಗಳ ಬರಹ ರೂಪ. ಆಡುವಾಗ ತಡವರಿಸಿದ್ದನ್ನು ಅಲ್ಲಲ್ಲಿ ಸರಿ ಮಾಡಿದ್ದೇನೆ, ಅಷ್ಟೇ.)

ಎಲ್ಲರಿಗೂ ನಮಸ್ಕಾರ.

ಮೊದಲಿಗೆ ಒಂದು ತಿದ್ದುಪಡಿ. ನಿಮಗೆ ವಾಟ್ಸಾಪಿನಲ್ಲಿ ಬಂದ ಆಹ್ವಾನದಲ್ಲಿ ಇವತ್ತಿನ ವಿಷಯ ‘ಎತ್ತರದ ಸ್ಕೂಲ್’ ಅಂತ ಇದೆ. ಅದು ‘ಎತ್ತೋರೆ ಸ್ಕೋಲಾ’ ಆಗಬೇಕಿತ್ತು, ಇಟಲಿಯ ಸಿನಿಮಾ ನಿರ್ದೇಶಕರೊಬ್ಬರ ಹೆಸರು. ಫೋನು ತನಗೆ ತೋಚಿದ ಹಾಗೆ ತಿದ್ದಿಕೊಂಡಿದೆ. ಒಳಗೆ ಬರುವಾಗ ಬಾಗಿಲಲ್ಲಿ ಹಿರಿಯರೊಬ್ಬರು ‘ಶಿಕ್ಷಣ ಇಲಾಖೆಯಿಂದ ಯಾರು ಬಂದಿದಾರೆ?’ ಅಂತ ನನ್ನನ್ನೇ ಕೇಳಿದರು. ವಿಷಯ ಹೇಳಿದೆ. ಆದರೂ ಎದ್ದು ಹೋಗಿಲ್ಲ, ಎರಡನೇ ಸಾಲಿನಲ್ಲಿ ಕೂತಿದ್ದಾರೆ. ಅವರಿಗೆ ವಿಶೇಷ ನಮಸ್ಕಾರ.

ಒಂದು ಲೆಕ್ಕದಲ್ಲಿ ಈ ಎಡವಟ್ಟಿನಿಂದಲೇ ಶುರು ಮಾಡಬಹುದು. ಯಾಕೆಂದರೆ ಇಂಥ ಎಡವಟ್ಟುಗಳನ್ನು ಹೆಕ್ಕಿ, ನಾಲ್ಕು ಸಾಲಿನ ಜೋಕು ಮಾಡಿ, ಪಕ್ಕದಲ್ಲೊಂದು ಚಿತ್ರ ಬಿಡಿಸಿ ಪತ್ರಿಕೆಗೆ ಕೊಡುವುದೇ ಸ್ಕೋಲಾ ಮಾಡಿದ ಮೊದಲ ಕೆಲಸ. ಆಮೇಲೆ ಸಿನಿಮಾಗಳಿಗೆ ಸಂಭಾಷಣೆ ಬರೆದರು, ಚಿತ್ರಕಥೆ ಬರೆದರು. ಮಾತು ಮಾರಿಯೇ ಬದುಕಿದ ಮನುಷ್ಯ. ಅಂಥವರು ಐವತ್ತು ದಾಟಿದ ಮೇಲೆ ಒಂದೇ ಒಂದು ಸಂಭಾಷಣೆಯೂ ಇಲ್ಲದ ಸಿನಿಮಾ ಮಾಡಿದರು. ಈ ಎರಡರ ನಡುವೆ ಏನಾಯಿತು ಅನ್ನುವುದೇ ನನಗಿರುವ ಕುತೂಹಲ. ಇವತ್ತು ಹೇಳಬೇಕು ಅಂದುಕೊಂಡದ್ದೂ ಅದನ್ನೇ.

ಸ್ಕೋಲಾ ಹುಟ್ಟಿದ್ದು 1931ರ ಮೇ 10ರಂದು, ತ್ರೆವಿಕೊ ಎಂಬ ಹಳ್ಳಿಯಲ್ಲಿ. ದಕ್ಷಿಣ ಇಟಲಿಯ ಅವೆಲ್ಲಿನೊ ಪ್ರಾಂತ್ಯ. ಸಾವಿರ ಮೀಟರಿಗೂ ಮೇಲಿರುವ ಬೆಟ್ಟದೂರು. ಹಾಗಾಗಿ ಆಹ್ವಾನದಲ್ಲಿದ್ದ ‘ಎತ್ತರ’ ಪೂರ್ತಿ ಸುಳ್ಳೇನಲ್ಲ. ಚಿಕ್ಕವರಿದ್ದಾಗಲೇ ಮನೆಯವರೆಲ್ಲ ರೋಮ್‌ಗೆ ಬಂದರು. ಮುಂದೆ ಕಾನೂನು ಓದಲು ಕಾಲೇಜು ಸೇರಿದರು. ಆದರೆ ವಕೀಲಿಕೆಯ ಕಡೆ ಮನಸ್ಸು ಹೋಗಲೇ ಇಲ್ಲ. ಹದಿನಾರರ ಹೊತ್ತಿಗೇ ‘ಮಾರ್ಕ್‌ಔರೇಲಿಯೊ’ ಎಂಬ ನಗೆ ಪತ್ರಿಕೆಯ ಕಚೇರಿಗೆ ಚಿತ್ರಗಳ ಕಟ್ಟು ಹಿಡಿದುಕೊಂಡು ಹೋಗಿಯಾಗಿತ್ತು.

ಆ ಪತ್ರಿಕೆ ಬಗ್ಗೆ ಎರಡು ಮಾತು. ಅದು ಶುರುವಾಗಿದ್ದು ಸ್ಕೋಲಾ ಹುಟ್ಟಿದ ವರ್ಷವೇ, ಮುಸ್ಸೊಲಿನಿಯ ಕಾಲದಲ್ಲಿ. ಆಳುವವರ ಬಗ್ಗೆ ನೇರವಾಗಿ ಏನೂ ಬರೆಯುವ ಹಾಗಿರಲಿಲ್ಲ. ಹಾಗಾಗಿ ಮನೆ, ಬೀದಿ, ಹೆಂಡತಿ, ಅತ್ತೆ, ಕಚೇರಿ, ಇವನ್ನೇ ಇಟ್ಟುಕೊಂಡು ನಗಿಸುತ್ತಿದ್ದರು. ಮುಂದೆ ದೊಡ್ಡ ನಿರ್ದೇಶಕರಾದ ಫೆಡೆರಿಕೊ ಫೆಲ್ಲಿನಿ ಹತ್ತೊಂಬತ್ತನೇ ವಯಸ್ಸಿನಲ್ಲಿ ಅಲ್ಲಿ ಚಿತ್ರ ಬಿಡಿಸುತ್ತಿದ್ದರು. ಮುಂದೆ ಇಟಲಿಯ ಕಾಮಿಡಿ ಸಿನಿಮಾಗಳಲ್ಲಿ ಹೆಸರು ಮಾಡಿದ ಸ್ತೆನೊ, ಮೆಟ್ಜ್, ಮಾರ್ಕೇಸಿ, ಮಕ್ಕಾರಿ ಎಲ್ಲರೂ ಅಲ್ಲಿನ ಮೇಜಿನ ಸುತ್ತ ಕೂತವರೇ. ಸಿನಿಮಾ ಶಾಲೆಯಲ್ಲಿ ಕಲಿಯದೆ ಪತ್ರಿಕೆಯ ಕಚೇರಿಯಲ್ಲಿ ಪಳಗಿದವರು. ನಾಲ್ಕು ಸಾಲಿನಲ್ಲಿ ಒಬ್ಬ ಮನುಷ್ಯನನ್ನು ನಿಲ್ಲಿಸಬೇಕು, ಐದನೇ ಸಾಲಿಗೆ ಜಾಗವಿಲ್ಲ. ಅದು ಎಂಥ ಅಭ್ಯಾಸ ನೋಡಿ.

ಅಲ್ಲಿಂದ ಸ್ಕೋಲಾಗೆ ಸಿಕ್ಕ ಸಿನಿಮಾ ಕೆಲಸ ಹೆಸರಿಲ್ಲದ ಕೆಲಸ. ದೊಡ್ಡ ಬರಹಗಾರರಿಗೆ ಏಕಕಾಲಕ್ಕೆ ಐದಾರು ಸಿನಿಮಾ ಒಪ್ಪಿತವಾಗಿರುತ್ತಿತ್ತು. ಅವರಿಗೆ ಜೋಕು ಪೂರೈಸುವ ಹುಡುಗರು ಬೇಕಾಗಿತ್ತು. ಪರದೆಯ ಮೇಲೆ ಹೆಸರು ದೊಡ್ಡವರದು, ಜೋಕು ಹುಡುಗರದು. ತೊತೊ ಎಂಬ ಮಹಾ ಹಾಸ್ಯನಟನ ಸಿನಿಮಾಗಳಿಗೆ ಸ್ಕೋಲಾ ಹೀಗೆ ಮರೆಯಲ್ಲಿ ಕೂತು ಬರೆದರು. ನಮ್ಮಲ್ಲೂ ಇಂಥ ಹುಡುಗರಿದ್ದಾರೆ, ಈ ಸಭೆಯಲ್ಲೇ ಒಬ್ಬಿಬ್ಬರು ಇರಬಹುದು. ಕೈ ಎತ್ತೋದು ಬೇಡ.

1950ರ ನಂತರ ಹೆಸರು ಬರಲು ಶುರುವಾಯಿತು. 1954ರ ‘ಉನ್ ಅಮೆರಿಕಾನೊ ಅ ರೋಮಾ’, ಅಂದರೆ ‘ರೋಮ್‌ನಲ್ಲೊಬ್ಬ ಅಮೆರಿಕನ್’, ಅದರ ಬರಹಗಾರರ ಪಟ್ಟಿಯಲ್ಲಿ ಸ್ಕೋಲಾ ಹೆಸರಿದೆ. ಆಲ್ಬೆರ್ತೊ ಸೋರ್ದಿಗೆ ಅಮೆರಿಕದ ಹುಚ್ಚು ಹಿಡಿದ ಹುಡುಗನ ಪಾತ್ರ. ರಾತ್ರಿ ಮನೆಗೆ ಬರುತ್ತಾನೆ. ಅಮ್ಮ ಮಾಡಿಟ್ಟ ಮೆಕರೋನಿ ಮೇಜಿನ ಮೇಲಿದೆ. ಛೀ, ಇದೆಲ್ಲ ಗಾಡಿ ಹೊಡೆಯೋರು ತಿನ್ನೋದು ಅಂತ ಪಕ್ಕಕ್ಕೆ ತಳ್ಳುತ್ತಾನೆ. ಬ್ರೆಡ್ಡಿಗೆ ಜಾಮು, ಸಾಸಿವೆ ಸಾಸು, ಹಾಲು ಎಲ್ಲ ಸುರಿದು ಅಮೆರಿಕನ್ ಊಟ ಮಾಡಿಕೊಳ್ಳುತ್ತಾನೆ. ಒಂದು ತುತ್ತು ಬಾಯಿಗೆ ಇಡುತ್ತಾನೆ, ಉಗುಳುತ್ತಾನೆ. ಆಮೇಲೆ ಮೆಕರೋನಿಯನ್ನೇ ದಿಟ್ಟಿಸಿ, ‘ನೀನೇ ನನ್ನನ್ನ ಕೆಣಕಿದ್ದು, ಈಗ ನೋಡು’ ಅಂತ ಯುದ್ಧಕ್ಕೆ ಹೋದವನ ಹಾಗೆ ಅದರ ಮೇಲೆ ಬೀಳುತ್ತಾನೆ. ಇಟಲಿಯಲ್ಲಿ ಇವತ್ತಿಗೂ ಎಷ್ಟೋ ಹೋಟೆಲುಗಳ ಗೋಡೆ ಮೇಲೆ ಈ ಫೋಟೊ ಇರುತ್ತದೆ. ಐದು ಜನ ಸೇರಿ ಬರೆದ ಸಿನಿಮಾ ಅದು, ಸೋರ್ದಿಯೂ ಅವರಲ್ಲೊಬ್ಬರು. ಯಾವ ಜೋಕು ಯಾರದು ಅಂತ ಕೇಳಬಾರದು. ಅಡುಗೆ ಮನೆಯಲ್ಲಿ ಐದು ಜನ ಸೇರಿ ಮಾಡಿದ ಸಾರಿಗೆ ಉಪ್ಪು ಹಾಕಿದ್ದು ಯಾರು ಅಂತ ಕೇಳಿದ ಹಾಗಾಗುತ್ತದೆ.

ಮುಂದೆ ಮಕ್ಕಾರಿ ಮತ್ತು ಸ್ಕೋಲಾ ಜೋಡಿ ಗಟ್ಟಿಯಾಯಿತು. ಇಬ್ಬರೂ ಸೇರಿ, ನಿರ್ದೇಶಕ ದೀನೊ ರೀಸಿ ಜೊತೆ ಬರೆದದ್ದು 1962ರ ‘ಇಲ್ ಸೊರ್ಪಾಸ್ಸೊ’. ಓವರ್‌ಟೇಕ್ ಅಂತ ಅರ್ಥ. ಸ್ಕೋಲಾರ ಬರವಣಿಗೆ ನೋಡಬೇಕು ಅಂದರೆ ಮೊದಲು ಇದನ್ನು ನೋಡಿ ಅಂತ ನಾನು ಹೇಳುತ್ತೇನೆ. ಆಗಸ್ಟ್ 15. ಅಲ್ಲಿ ಅದು ಬೇಸಿಗೆಯ ದೊಡ್ಡ ರಜೆ. ರೋಮ್ ಪೂರ್ತಿ ಖಾಲಿ. ಬ್ರೂನೊ ಅನ್ನುವವನು ತೆರೆದ ಲಾಂಚಿಯಾ ಕಾರಿನಲ್ಲಿ ಸುತ್ತುತ್ತಿದ್ದಾನೆ, ಫೋನ್ ಮಾಡಬೇಕು, ಒಂದು ಅಂಗಡಿಯೂ ತೆರೆದಿಲ್ಲ. ಕಿಟಕಿಯಲ್ಲಿ ಒಬ್ಬ ಹುಡುಗ ಕಾಣುತ್ತಾನೆ. ರೊಬೆರ್ತೊ. ಪರೀಕ್ಷೆಗೆ ಓದುತ್ತಾ ಕೂತವನು, ಕಾನೂನು ವಿದ್ಯಾರ್ಥಿ. ಸ್ಕೋಲಾ ತಮ್ಮ ಹಳೆಯ ಪಠ್ಯಪುಸ್ತಕಗಳನ್ನೇ ಇವನ ಮೇಜಿನ ಮೇಲೆ ಇಟ್ಟರೇನೋ ಅಂತ ನನಗೆ ಅನಿಸಿದ್ದುಂಟು. ಬ್ರೂನೊ ಮೇಲೆ ಬಂದು ಫೋನ್ ಮಾಡುತ್ತಾನೆ, ಥ್ಯಾಂಕ್ಸ್ ಹೇಳೋಕೆ ಒಂದು ಸುತ್ತು ಹೋಗೋಣ ಬಾ ಅಂತಾನೆ. ಒಂದು ಸುತ್ತು ಎರಡು ದಿನವಾಗುತ್ತದೆ.

ವಿತ್ತೋರಿಯೊ ಗಸ್ಮನ್ ಮಾಡಿದ ಬ್ರೂನೊ ಬಾಯಿ ಮುಚ್ಚುವುದೇ ಇಲ್ಲ. ಎಲ್ಲರನ್ನೂ ಛೇಡಿಸುತ್ತಾನೆ, ಹಾರ್ನ್ ಹೊಡೆಯುತ್ತಾನೆ, ಸಿಕ್ಕ ಕಾರನ್ನೆಲ್ಲ ಹಿಂದೆ ಹಾಕುತ್ತಾನೆ. ಇಟಲಿಗೆ ಆಗ ತಾನೇ ದುಡ್ಡು ಬಂದಿತ್ತು. ಮನೆಗೆ ಫ್ರಿಜ್ ಬಂತು, ಬಾಗಿಲಿಗೆ ಫಿಯೆಟ್ ಬಂತು. ಎಲ್ಲರಿಗೂ ಓವರ್‌ಟೇಕ್ ಮಾಡುವ ಆಸೆ. ನೂರು ನಿಮಿಷ ನಾವು ನಗುತ್ತಿರುತ್ತೇವೆ. ಕೊನೆಯ ತಿರುವಿನಲ್ಲಿ ಕಾರು ಸಮುದ್ರದ ಪಕ್ಕದ ಪ್ರಪಾತಕ್ಕೆ ಉರುಳುತ್ತದೆ. ಬ್ರೂನೊ ಹೊರಗೆ ಹಾರಿ ಬದುಕುತ್ತಾನೆ. ಹುಡುಗ ಹೋದ. ಪೊಲೀಸ್ ಬಂದು ಹೆಸರು ಕೇಳುತ್ತಾನೆ. ರೊಬೆರ್ತೊ ಅಂತ, ಮನೆ ಹೆಸರು ಗೊತ್ತಿಲ್ಲ, ನಿನ್ನೆ ಬೆಳಿಗ್ಗೆ ಪರಿಚಯ ಆದದ್ದು. ಇಷ್ಟೇ. ಸಿನಿಮಾ ಮುಗಿಯಿತು. ಎರಡು ದಿನ ಗಂಟಲು ಹರಿಯುವಂತೆ ಮಾತಾಡಿದವನಿಗೆ ಕೊನೆಗೆ ಹೇಳಲು ಉಳಿದದ್ದು ಇಷ್ಟು.

(ಇಲ್ಲಿ ಮುಂದಿನ ಸಾಲಿನ ಹುಡುಗಿಯೊಬ್ಬಳು, ‘ಸರ್, ಕಾಮಿಡಿ ಅಂದ್ಮೇಲೆ ಸಾಯೋದು ಯಾಕೆ?’ ಅಂತ ಕೇಳಿದಳು. ನಿರ್ಮಾಪಕರಿಗೂ ಇದೇ ಪ್ರಶ್ನೆ ಇತ್ತಂತೆ, ಅವರಿಗೂ ಈ ಅಂತ್ಯ ಬೇಡವಾಗಿತ್ತು ಅಂದೆ. ಎಲ್ಲರೂ ನಕ್ಕರು. ಉತ್ತರ ಕೊಟ್ಟ ಹಾಗಾಗಲಿಲ್ಲ ಅಂತ ನನಗೂ ಗೊತ್ತು. ಮುಂದಿನ ಉದಾಹರಣೆಯಲ್ಲಿ ಸ್ವಲ್ಪ ಉತ್ತರ ಇದೆ.)

1965ರ ‘ಇಯೊ ಲಾ ಕೊನೊಶ್ಚೆವೊ ಬೇನೆ’. ‘ಅವಳು ನನಗೆ ಚೆನ್ನಾಗಿ ಗೊತ್ತಿದ್ದಳು’ ಅಂತ. ನಿರ್ದೇಶನ ಅಂತೋನಿಯೊ ಪಿಯೆತ್ರಾಂಜೆಲಿ, ಬರೆದವರಲ್ಲಿ ಸ್ಕೋಲಾ ಮತ್ತು ಮಕ್ಕಾರಿ. ಸಿನಿಮಾ ಆಸೆಯಿಂದ ರೋಮ್‌ಗೆ ಬಂದ ಒಂದು ಹುಡುಗಿಯ ಕಥೆ. ಅದರಲ್ಲೊಂದು ಪಾರ್ಟಿ. ಅಲ್ಲಿ ಅವಕಾಶ ಕಳೆದುಕೊಂಡ ಒಬ್ಬ ಹಳೆಯ ನಟ ಇದ್ದಾನೆ, ಊಗೊ ತೊನ್ಯಾತ್ಸಿ ಮಾಡಿದ ಪಾತ್ರ. ಒಂದು ಸಣ್ಣ ಕೆಲಸ ಸಿಕ್ಕೀತು ಅಂತ ಬಂದಿದ್ದಾನೆ. ‘ನಿನ್ನ ಆ ರೈಲಿನ ನೃತ್ಯ ಮಾಡೋ’ ಅಂತ ಯಾರೋ ಮೇಜಿನ ಮೇಲೆ ಹತ್ತಿಸುತ್ತಾರೆ. ಕಾಲಿನ ತಾಳದಲ್ಲೇ ರೈಲು ಹೊರಡುವ ಸದ್ದು. ನಿಧಾನ, ಆಮೇಲೆ ವೇಗ. ಜನ ಚಪ್ಪಾಳೆ ತಟ್ಟುತ್ತಾರೆ, ಇನ್ನೂ ಜೋರು ಅಂತಾರೆ. ಅವನ ಮುಖದಲ್ಲಿ ಬೆವರು. ಉಸಿರು ಹತ್ತುತ್ತಿದೆ. ನಾವೂ ನಗುತ್ತಿರುತ್ತೇವೆ. ಯಾವುದೋ ಒಂದು ಕ್ಷಣದಲ್ಲಿ ಇವನು ಇಲ್ಲೇ ಸತ್ತುಬಿಡ್ತಾನೆ ಅನಿಸಿ ನಗು ನಿಲ್ಲುತ್ತದೆ. ಆದರೆ ಪರದೆಯ ಮೇಲಿನ ಜನ ಇನ್ನೂ ನಗುತ್ತಿದ್ದಾರೆ. ಇಷ್ಟು ಹೊತ್ತು ನಾವೂ ಆ ಗುಂಪಲ್ಲೇ ಇದ್ದೆವಲ್ಲ ಅಂತ ಮುಜುಗರವಾಗುತ್ತದೆ. ಸ್ಕೋಲಾ ತರಹದವರ ಕಾಮಿಡಿ ಅಂದರೆ ಇದು. ಈ ದೃಶ್ಯದಲ್ಲಿ ಸಂಭಾಷಣೆ ಹೆಚ್ಚುಕಡಿಮೆ ಏನೂ ಇಲ್ಲ ಅನ್ನುವುದನ್ನು ಗಮನಿಸಿ. ಬೂಟಿನ ಸದ್ದು, ಮುಖ.

ಅಷ್ಟು ಹೊತ್ತಿಗೆ ಸ್ಕೋಲಾ ನಿರ್ದೇಶನಕ್ಕೂ ಇಳಿದಿದ್ದರು. ಮೊದಲ ಸಿನಿಮಾ 1964ರದು, ಹೆಂಗಸರ ಬಗ್ಗೆ ಗಂಡಸರ ಬಿಡಿ ಬಿಡಿ ಕಥೆಗಳು. ಗಸ್ಮನ್ ಅದರ ತುಂಬ ಬೇರೆ ಬೇರೆ ವೇಷ ಹಾಕುತ್ತಾರೆ. ನನಗೆ ಅಷ್ಟೇನೂ ಹಿಡಿಸಲಿಲ್ಲ. ಪತ್ರಿಕೆಯ ಜೋಕುಗಳನ್ನು ಪರದೆಗೆ ಹಚ್ಚಿದ ಹಾಗಿದೆ. ಆ ಕಾಲದ ಇಟಲಿಯ ಕಾಮಿಡಿಗಳಲ್ಲಿ ಹೆಂಗಸರು ಜೋಕಿನ ಗುರಿಯಾಗಿ ಬರುವುದೇ ಜಾಸ್ತಿ. ಅದೇ ಮನುಷ್ಯ ಹದಿಮೂರು ವರ್ಷದ ನಂತರ ಇವತ್ತು ನಾವು ನೋಡಲಿರುವ ಸಿನಿಮಾ ಮಾಡಿದರು ಅಂದರೆ, ನಡುವೆ ಎಷ್ಟೋ ಕಲಿತಿರಬೇಕು.

ಏನು ಕಲಿತರು ಅಂತ 1974ರ ‘ಚೆರಾವಾಮೊ ತಾಂತೊ ಅಮಾತಿ’ ನೋಡಿದರೆ ಗೊತ್ತಾಗುತ್ತದೆ. ‘ನಾವು ಎಷ್ಟೊಂದು ಪ್ರೀತಿಸುತ್ತಿದ್ದೆವು’ ಅನ್ನಬಹುದು. ನಾಜಿಗಳ ವಿರುದ್ಧ ಬೆಟ್ಟದಲ್ಲಿ ಬಂದೂಕು ಹಿಡಿದ ಮೂವರು ಗೆಳೆಯರು. ಯುದ್ಧ ಮುಗಿಯಿತು. ಒಬ್ಬ ಆಸ್ಪತ್ರೆಯಲ್ಲಿ ಸ್ಟ್ರೆಚರ್ ತಳ್ಳುತ್ತಾನೆ. ಒಬ್ಬ ವಕೀಲ, ಕಟ್ಟಡ ಕಟ್ಟಿಸುವ ಕಳ್ಳ ಸಾಹುಕಾರನ ಮಗಳನ್ನು ಮದುವೆಯಾಗಿ ಅವನೂ ಸಾಹುಕಾರನಾಗುತ್ತಾನೆ. ಮೂರನೆಯವನು ನಿಕೊಲಾ, ಸಣ್ಣ ಊರಿನ ಮೇಷ್ಟ್ರು, ಸಿನಿಮಾ ಹುಚ್ಚ. ಮೂವರೂ ಒಬ್ಬಳನ್ನೇ ಪ್ರೀತಿಸಿದವರು. ‘ಜಗತ್ತನ್ನು ಬದಲಾಯಿಸುತ್ತೇವೆ ಅಂದುಕೊಂಡಿದ್ದೆವು, ಜಗತ್ತೇ ನಮ್ಮನ್ನು ಬದಲಾಯಿಸಿತು’ ಅನ್ನುವ ಮಾತು ಬರುವುದು ಇದರಲ್ಲೇ. ಎಲ್ಲರೂ ಈ ಮಾತನ್ನೇ ಎತ್ತಿ ಹೇಳುತ್ತಾರೆ. ನನಗೆ ಅದಕ್ಕಿಂತ ನಿಕೊಲಾನ ಕಥೆ ಹೆಚ್ಚು.

ಡಿ ಸಿಕಾ ನಿರ್ದೇಶಿಸಿದ ‘ಬೈಸಿಕಲ್ ಥೀವ್ಸ್’ ನೀವೆಲ್ಲ ನೋಡಿದ್ದೀರಿ. ಚಿತ್ರ ಸಮಾಜ ಅಂತ ಎಲ್ಲೇ ಶುರುವಾದರೂ ಮೊದಲು ತೋರಿಸೋದು ಅದನ್ನೇ ಅಲ್ವಾ? ನಿಕೊಲಾ ತನ್ನ ಊರಿನ ಸಭೆಯಲ್ಲಿ ಆ ಸಿನಿಮಾದ ಪರವಾಗಿ ದೊಡ್ಡವರ ಜೊತೆ ಜಗಳಕ್ಕೆ ಬಿದ್ದು ಕೆಲಸ ಕಳೆದುಕೊಳ್ಳುತ್ತಾನೆ. ಹೆಂಡತಿ ಮಗುವನ್ನು ಬಿಟ್ಟು ರೋಮ್‌ಗೆ ಬರುತ್ತಾನೆ. ಟಿವಿಯ ಕ್ವಿಜ್‌ನಲ್ಲಿ ಸಿನಿಮಾ ವಿಷಯ ತೆಗೆದುಕೊಂಡು ಗೆಲ್ಲುತ್ತಾ ಗೆಲ್ಲುತ್ತಾ ಹೋಗುತ್ತಾನೆ. ಕೊನೆಯ ಪ್ರಶ್ನೆ: ‘ಬೈಸಿಕಲ್ ಥೀವ್ಸ್’ ಕೊನೆಯಲ್ಲಿ ಹುಡುಗ ಯಾಕೆ ಅಳುತ್ತಾನೆ? ನಿಕೊಲಾಗೆ ಒಳಗಿನ ವಿಷಯ ಗೊತ್ತು. ಡಿ ಸಿಕಾ ಆ ಹುಡುಗನ ಜೇಬಿನಲ್ಲಿ ಸಿಗರೇಟು ತುಂಡುಗಳನ್ನು ಹಾಕಿ, ಕದ್ದೆ ಅಂತ ಬೈದು ಅಳಿಸಿದ್ದು ಅಂತ ಹೇಳುತ್ತಾನೆ. ಕ್ವಿಜ್‌ನವರಿಗೆ ಬೇಕಾಗಿದ್ದು ಕಥೆಯೊಳಗಿನ ಉತ್ತರ. ತಪ್ಪು ಅಂತಾರೆ. ಎಲ್ಲಾ ಹೋಯಿತು. ವರ್ಷಗಳ ಮೇಲೆ ಒಂದು ಸಭೆಯಲ್ಲಿ ಸಾಕ್ಷಾತ್ ಡಿ ಸಿಕಾ ಅದೇ ಸಿಗರೇಟಿನ ಕಥೆ ಹೇಳುವುದನ್ನು ನಿಕೊಲಾ ದೂರದಿಂದ ಕೇಳುತ್ತಾನೆ. ಹೋಗಿ ಮಾತಾಡಿಸಬಹುದಿತ್ತು. ಹೋಗುವುದಿಲ್ಲ. ತಾನು ಸರಿ ಹೇಳಿದ್ದೆ ಅಂತ ಈಗ ಯಾರಿಗೆ ಹೇಳಿ ಏನು?

ಈ ಸಿನಿಮಾ ಡಿ ಸಿಕಾಗೆ ಅರ್ಪಿಸಿದ್ದು. ತೆರೆ ಕಾಣುವ ಹೊತ್ತಿಗೆ ಅವರು ತೀರಿಕೊಂಡಿದ್ದರು. ಇದರಲ್ಲಿ ಫೆಲ್ಲಿನಿಯೂ ಇದ್ದಾರೆ, ನಟ ಮಾರ್ಚೆಲ್ಲೊ ಮಾಸ್ತ್ರೊಯಾನ್ನಿಯೂ ಇದ್ದಾರೆ, ಇಬ್ಬರೂ ತಾವೇ ಆಗಿ. ಫೆಲ್ಲಿನಿಯ ‘ಲಾ ದೋಲ್ಚೆ ವೀತಾ’ದ ಕಾರಂಜಿ ದೃಶ್ಯದ ಶೂಟಿಂಗನ್ನು ಸ್ಕೋಲಾ ಮತ್ತೆ ಕಟ್ಟಿದ್ದಾರೆ. ಇನ್ನೊಂದು ಹೇಳಲೇಬೇಕು. ಸಿನಿಮಾ ಶುರುವಾಗುವಾಗ ಸಾಹುಕಾರನಾದ ಗೆಳೆಯ ತನ್ನ ಮನೆಯ ಈಜುಕೊಳಕ್ಕೆ ಜಿಗಿಯುತ್ತಾನೆ. ಗಾಳಿಯಲ್ಲೇ ಚಿತ್ರ ನಿಲ್ಲುತ್ತದೆ. ಮೂವತ್ತು ವರ್ಷದ ಕಥೆ ಎಲ್ಲ ಹೇಳಿ ಮುಗಿಸಿದ ಮೇಲೆ ಕೊನೆಯಲ್ಲಿ ಅವನು ನೀರಿಗೆ ಬೀಳುತ್ತಾನೆ. ಜೋಕು ಬರೆದವರಿಗೆ ಮಾತ್ರ ಹೀಗೆ ಹೊಳೆಯುತ್ತದೆ. ಮೊದಲ ಸಾಲು ಹೇಳಿ, ಕೊನೆಯ ಸಾಲನ್ನು ಎರಡು ಗಂಟೆ ತಡೆದಿಟ್ಟುಕೊಳ್ಳುವುದು.

1976ರ ‘ಬ್ರುತ್ತಿ, ಸ್ಪೋರ್ಕಿ ಎ ಕತ್ತೀವಿ’, ಅಂದರೆ ‘ಕುರೂಪಿಗಳು, ಕೊಳಕರು, ಕೆಟ್ಟವರು’. ರೋಮ್‌ನ ಒಂದು ಗುಡ್ಡದ ಮೇಲೆ ತಗಡಿನ ಶೆಡ್ಡುಗಳು. ಹಿಂದೆ ಸೇಂಟ್ ಪೀಟರ್ಸ್ ಚರ್ಚಿನ ಗುಮ್ಮಟ. ಒಂದೇ ಕೋಣೆಯಲ್ಲಿ ಇಪ್ಪತ್ತಕ್ಕೂ ಹೆಚ್ಚು ಜನ. ಒಂದು ಕಣ್ಣು ಹೋಗಿದ್ದಕ್ಕೆ ಸಿಕ್ಕ ಹತ್ತು ಲಕ್ಷ ಲಿರಾ ಪರಿಹಾರದ ಹಣವನ್ನು ಮುದುಕ ಬಚ್ಚಿಡುತ್ತಾನೆ, ಮನೆಯವರೆಲ್ಲ ಹುಡುಕುತ್ತಾರೆ. ಕೊನೆಗೆ ಸೇರಿಕೊಂಡು ಅವನಿಗೆ ಇಲಿಪಾಷಾಣ ಹಾಕಿ ಬಡಿಸುತ್ತಾರೆ. ಬಡವರು ಅಂದರೆ ಒಳ್ಳೆಯವರೇ ಆಗಿರಬೇಕು ಅಂತ ಸಿನಿಮಾದವರು ಬರೆದುಕೊಂಡಿದ್ದ ಕಟ್ಟಳೆಯನ್ನು ಇದು ಮುರಿಯಿತು. ಇದಕ್ಕೆ ಒಂದು ಮುನ್ನುಡಿ ಮಾಡಿಕೊಡಿ ಅಂತ ಕವಿ, ನಿರ್ದೇಶಕ ಪಾಸೊಲಿನಿಯನ್ನು ಕೇಳಿದ್ದರು. 1975ರ ನವೆಂಬರಿನಲ್ಲಿ ಪಾಸೊಲಿನಿಯ ಕೊಲೆಯಾಯಿತು. ಕಾನ್ ಚಿತ್ರೋತ್ಸವದಲ್ಲಿ ಸ್ಕೋಲಾಗೆ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಬಂತು. ನಮ್ಮ ಸದಸ್ಯರೊಬ್ಬರು ಇದನ್ನು ಅರ್ಧಕ್ಕೆ ನಿಲ್ಲಿಸಿ, ‘ಇಂಥದ್ದನ್ನೂ ನೋಡಬೇಕಾ?’ ಅಂತ ಮೆಸೇಜ್ ಹಾಕಿದ್ದರು. ಅವರ ಮೇಲೆ ನನಗೆ ಕೋಪವಿಲ್ಲ. ನೋಡೋದು ಕಷ್ಟವೇ.

ಈಗ ಇವತ್ತಿನ ಸಿನಿಮಾ. 1977ರ ‘ಉನಾ ಜೊರ್ನಾತಾ ಪಾರ್ತಿಕೊಲಾರೆ’. ‘ಒಂದು ವಿಶೇಷ ದಿನ’.

ದಿನ ಯಾವುದು ಅಂದರೆ 1938ರ ಮೇ 6. ಹಿಟ್ಲರ್ ರೋಮ್‌ಗೆ ಬಂದಿದ್ದಾನೆ. ಮೆರವಣಿಗೆ ನೋಡಲು ಊರಿಗೆ ಊರೇ ಹೊರಟಿದೆ. ಸ್ಕೋಲಾಗೆ ಆಗ ಏಳು ತುಂಬಲು ನಾಲ್ಕು ದಿನ ಬಾಕಿ. ಒಂದು ದೊಡ್ಡ ವಠಾರದಂಥ ಕಟ್ಟಡ, ನೂರಾರು ಮನೆ, ನಡುವೆ ಅಂಗಳ. ಅದು ಸೆಟ್ ಅಲ್ಲ, ರೋಮ್‌ನಲ್ಲಿ ನಿಜವಾಗಿಯೂ ಇರುವ ಪಲಾತ್ಸೊ ಫೆಡೆರಿಚಿ. ಎಲ್ಲರೂ ಸಮವಸ್ತ್ರ ಹಾಕಿಕೊಂಡು ಮೆಟ್ಟಿಲಿಳಿದು ಹೋದ ಮೇಲೆ ಉಳಿಯುವುದು ಮೂರೇ ಜನ. ಆರು ಮಕ್ಕಳ ತಾಯಿ ಅಂತೊನಿಯೆತ್ತಾ. ಎದುರು ಸಾಲಿನ ಆರನೇ ಮಹಡಿಯಲ್ಲಿ ಗಾಬ್ರಿಯೆಲೆ, ರೇಡಿಯೊದಲ್ಲಿ ಉದ್ಘೋಷಕನಾಗಿದ್ದು ಕೆಲಸದಿಂದ ತೆಗೆಸಿಕೊಂಡವನು. ಇನ್ನೊಬ್ಬಳು ಕಟ್ಟಡ ಕಾಯುವ ಹೆಂಗಸು. ಅವಳು ಅಂಗಳದಲ್ಲಿ ರೇಡಿಯೊವನ್ನು ಪೂರ್ತಿ ಜೋರಾಗಿ ಹಾಕಿ ಕೂತಿರುತ್ತಾಳೆ.

ಈ ರೇಡಿಯೊವನ್ನು ಗಮನಿಸಿ. ಮೆರವಣಿಗೆಯ ವರ್ಣನೆ, ಘೋಷಣೆ, ಸೈನ್ಯದ ಹಾಡು ಸಿನಿಮಾದುದ್ದಕ್ಕೂ ಗೋಡೆ ದಾಟಿ ಒಳಗೆ ಬರುತ್ತಿರುತ್ತದೆ. ಇವರಿಬ್ಬರೂ ಒಂದು ಮಾತಾಡಬೇಕಾದರೆ ಆ ಸದ್ದಿನ ಸಂದಿಯಲ್ಲಿ ಆಡಬೇಕು. ಅಷ್ಟು ವರ್ಷ ಎಲ್ಲರ ಬಾಯಿಗೂ ಮಾತು ತುಂಬಿದ ಬರಹಗಾರ, ಇಲ್ಲಿ ಮಾತೆಲ್ಲವನ್ನೂ ರೇಡಿಯೊಗೆ ಕೊಟ್ಟುಬಿಟ್ಟಿದ್ದಾರೆ. ಮನುಷ್ಯರಿಗೆ ಕೊಟ್ಟದ್ದು ಸಣ್ಣ ಸಣ್ಣ ಕೆಲಸ. ಕಾಫಿ ಬೀಜ ಪುಡಿ ಮಾಡುವುದು. ಒಗೆದ ಬಟ್ಟೆ ಮಡಿಸುವುದು. ಅಡುಗೆ ಮನೆಯಲ್ಲಿ ಒಂದು ದೀಪ ತೀರಾ ಕೆಳಗೆ ತೂಗಾಡುತ್ತಿದೆ, ಅಂತೊನಿಯೆತ್ತಾ ಪ್ರತಿ ಸಲ ಅದಕ್ಕೆ ತಲೆ ಹೊಡೆಸಿಕೊಳ್ಳುತ್ತಾಳೆ. ಆ ಮನೆಯಲ್ಲಿ ಗಂಡನಿದ್ದಾನೆ, ಬೆಳೆದ ಮಕ್ಕಳಿದ್ದಾರೆ. ಯಾರೂ ಸರಿ ಮಾಡಿಲ್ಲ. ಬಂದ ಅರ್ಧ ಗಂಟೆಯಲ್ಲಿ ಗಾಬ್ರಿಯೆಲೆ ಅದನ್ನು ಸರಿ ಮಾಡುತ್ತಾನೆ. ಇದಕ್ಕಿಂತ ದೊಡ್ಡ ಪ್ರೇಮದ ಮಾತು ಆ ಹೆಂಗಸಿಗೆ ಯಾರು ಹೇಳಿದ್ದರು?

ನಾನು ಇದನ್ನು ಮೊದಲ ಸಲ ನೋಡಿದ್ದು ಗೆಳೆಯ ಕೊಟ್ಟ ಒಂದು ಡಿಸ್ಕಿನಲ್ಲಿ. ಸಬ್‌ಟೈಟಲ್ ಎರಡು ನಿಮಿಷ ಹಿಂದೆ ಓಡುತ್ತಿತ್ತು. ಅವಳು ಬಾಗಿಲು ತೆರೆದಾಗ ಹಕ್ಕಿಯ ಮಾತು, ಕಾಫಿ ಕುಡಿಯುವಾಗ ಬಾಗಿಲಿನ ಮಾತು. ಸ್ವಲ್ಪ ಹೊತ್ತು ಒದ್ದಾಡಿ, ಸಬ್‌ಟೈಟಲನ್ನೇ ತೆಗೆದು ಹಾಕಿದೆ. ಇಟಾಲಿಯನ್ ಒಂದಕ್ಷರ ಬಾರದು. ಪೂರ್ತಿ ನೋಡಿದೆ, ಕೊನೆಗೆ ಕಣ್ಣೀರೂ ಬಂತು. ಆಮೇಲೆ ಸರಿಯಾದ ಪ್ರಿಂಟಿನಲ್ಲಿ ನೋಡಿದಾಗ ತಪ್ಪಿಸಿಕೊಂಡಿದ್ದು ಏನೇನು ಅಂತ ಗೊತ್ತಾಯಿತು. ಜಾಸ್ತಿ ಏನಿರಲಿಲ್ಲ. ಒಂದು ಮಾತು ಮಾತ್ರ ಇತ್ತು, ಅದನ್ನು ಹೇಳಿಬಿಡುತ್ತೇನೆ. ಕಟ್ಟಡ ಕಾಯುವವಳು ಅಂತೊನಿಯೆತ್ತಾಗೆ ಎಚ್ಚರಿಕೆ ಕೊಟ್ಟಿರುತ್ತಾಳೆ, ಆರನೇ ಮಹಡಿಯ ಬಾಡಿಗೆದಾರ ಫ್ಯಾಸಿಸಂ ವಿರೋಧಿ ಅಂತ. ಅದನ್ನು ಕೇಳಿ ಗಾಬ್ರಿಯೆಲೆ ಅನ್ನುತ್ತಾನೆ: ಆರನೇ ಮಹಡಿಯ ಬಾಡಿಗೆದಾರ ಫ್ಯಾಸಿಸಂ ವಿರೋಧಿಯೇನಲ್ಲ, ಫ್ಯಾಸಿಸಮ್ಮೇ ಆರನೇ ಮಹಡಿಯ ಬಾಡಿಗೆದಾರನ ವಿರೋಧಿ. ಹಳೆಯ ನಗೆ ಪತ್ರಿಕೆಯ ಹುಡುಗ ಅಲ್ಲಿ ಇಣುಕಿ ಹೋಗುತ್ತಾನೆ. ತಿರುಗಿಸಿದ ಜೋಕು, ಆದರೆ ನಗು ಬರುವುದಿಲ್ಲ.

ಅಂತೊನಿಯೆತ್ತಾಗೆ ಮುಸ್ಸೊಲಿನಿ ಅಂದರೆ ಪ್ರಾಣ. ಗುಂಡಿಗಳನ್ನು ಜೋಡಿಸಿ ಅವನ ಮುಖದ ಚಿತ್ರ ಮಾಡಿದ್ದಾಳೆ. ಅವನ ಫೋಟೊ, ಮಾತು ಅಂಟಿಸಿದ ಆಲ್ಬಮ್ ಇದೆ. ಅದರಲ್ಲಿ ಅವಳೇ ಅಂಟಿಸಿಕೊಂಡ ಒಂದು ಸಾಲು: ಪ್ರತಿಭೆ ಅನ್ನುವುದು ಗಂಡಸಿಗೆ ಮಾತ್ರ. ಸ್ಕೋಲಾ ಅವಳನ್ನು ಗೇಲಿ ಮಾಡುವುದಿಲ್ಲ. 1964ರ ಸ್ಕೋಲಾ ಆಗಿದ್ದರೆ ಖಂಡಿತ ಮಾಡುತ್ತಿದ್ದರು.

ಪಾತ್ರ ಮಾಡಿದವರು ಯಾರು ಗೊತ್ತಾ? ಸೋಫಿಯಾ ಲೊರೆನ್ ಮತ್ತು ಮಾಸ್ತ್ರೊಯಾನ್ನಿ. ಇಟಲಿಯ ಅತಿ ಬೆಡಗಿನ ಜೋಡಿ. ಲೊರೆನ್‌ಗೆ ಮೇಕಪ್ ಇಲ್ಲ, ಕಾಲಲ್ಲಿ ಹರಿದ ಚಪ್ಪಲಿ. ಹೆಂಗಸರ ಕನಸಿನ ನಾಯಕ ಅನಿಸಿಕೊಂಡ ಮಾಸ್ತ್ರೊಯಾನ್ನಿಗೆ ಸಲಿಂಗಕಾಮಿಯ ಪಾತ್ರ. ಗಾಬ್ರಿಯೆಲೆಯ ಕೆಲಸ ಹೋದದ್ದು ಅದಕ್ಕೇ. ಗಂಡನೂ ಅಲ್ಲ, ಅಪ್ಪನೂ ಅಲ್ಲ, ಸೈನಿಕನೂ ಅಲ್ಲ ಅಂದಮೇಲೆ ಆ ಸರ್ಕಾರಕ್ಕೆ ಅವನು ಗಂಡಸೇ ಅಲ್ಲ. ಮಾಸ್ತ್ರೊಯಾನ್ನಿಗೆ ಆಸ್ಕರ್ ನಾಮನಿರ್ದೇಶನವಾಯಿತು. ಸಿನಿಮಾಕ್ಕೂ ಆಯಿತು. ಕೊನೆಗೆ ಸಿಗಲಿಲ್ಲ. ಸ್ಕೋಲಾ ನಿರ್ದೇಶನದಲ್ಲಿ ಪಾಲಿದ್ದ ನಾಲ್ಕು ಸಿನಿಮಾಗಳು ವಿದೇಶಿ ಭಾಷೆಯ ಆಸ್ಕರ್‌ಗೆ ಕೊನೆಯ ಸುತ್ತಿನವರೆಗೆ ಹೋದವು, ಒಂದೂ ಗೆಲ್ಲಲಿಲ್ಲ.

ಅದರಲ್ಲೊಂದು ನಾನು ಮೊದಲು ಹೇಳಿದ ಮಾತಿಲ್ಲದ ಸಿನಿಮಾ. 1983ರ ‘ಲೆ ಬಾಲ್’. ಪ್ಯಾರಿಸ್ಸಿನ ಒಂದು ನಾಟಕ ತಂಡದ ಪ್ರಯೋಗವನ್ನು ಇಟ್ಟುಕೊಂಡು ಮಾಡಿದ್ದು. ಫ್ರಾನ್ಸಿನ ಒಂದು ನೃತ್ಯದ ಹಾಲ್. 1936ರಿಂದ 1983ರವರೆಗೆ ಅದೇ ಹಾಲ್, ಅದೇ ನಟರು, ಬೇರೆ ಬೇರೆ ಕಾಲದ ಜನರಾಗಿ ಬರುತ್ತಾರೆ, ಕುಣಿಯುತ್ತಾರೆ, ಹೋಗುತ್ತಾರೆ. ಜರ್ಮನ್ನರು ಬಂದಾಗ ಹಾಲಿನಲ್ಲಿ ಏನಾಯಿತು, ಹೋದಾಗ ಏನಾಯಿತು, ಅಮೆರಿಕದ ಸಂಗೀತ ಹೇಗೆ ನುಗ್ಗಿತು, ಎಲ್ಲ ಗೊತ್ತಾಗುತ್ತದೆ. ಯಾರೂ ಒಂದು ಮಾತೂ ಆಡುವುದಿಲ್ಲ. ಹಣ ಹಾಕಿದವರಲ್ಲಿ ಅಲ್ಜೀರಿಯಾದವರೂ ಇದ್ದದ್ದರಿಂದ ಆಸ್ಕರ್‌ಗೆ ಇದು ಅಲ್ಜೀರಿಯಾದ ಸಿನಿಮಾ ಆಗಿ ಹೋಯಿತು! ಇಟಲಿಯ ನಿರ್ದೇಶಕ, ಫ್ರೆಂಚ್ ನಟರು, ಅಲ್ಜೀರಿಯಾದ ಹೆಸರು. ಭಾಷೆಯೇ ಇಲ್ಲದ ಸಿನಿಮಾಕ್ಕೆ ವಿದೇಶಿ ಭಾಷೆಯ ವಿಭಾಗ. ಇದನ್ನು ಯಾರಾದರೂ ಜೋಕಾಗಿ ಬರೆದುಕೊಟ್ಟಿದ್ದರೆ ಪತ್ರಿಕೆಯವರು ಅತಿಯಾಯಿತು ಅಂತ ವಾಪಸ್ ಕಳಿಸುತ್ತಿದ್ದರು.

ಮಾತು ಕಡಿಮೆಯಾದ ಹಾಗೆ ಕೋಣೆ ಅವರಿಗೆ ಮುಖ್ಯವಾಗುತ್ತಾ ಹೋಯಿತು. 1987ರ ‘ಲಾ ಫಮೀಲ್ಯಾ’ದಲ್ಲಿ ಕ್ಯಾಮೆರಾ ಎಂಬತ್ತು ವರ್ಷ ಒಂದೇ ಮನೆಯೊಳಗೆ ಇರುತ್ತದೆ. 1906ರಲ್ಲಿ ಮಗುವಿನ ನಾಮಕರಣದ ಗುಂಪು ಫೋಟೊ. ಕೊನೆಗೆ ಅದೇ ಮಗು ಎಂಬತ್ತರ ಅಜ್ಜನಾಗಿ ನಡುವೆ ಕೂತ ಇನ್ನೊಂದು ಗುಂಪು ಫೋಟೊ. ಎರಡು ಯುದ್ಧ ಹೊರಗೆ ನಡೆದು ಹೋಗುತ್ತವೆ. ಕಾಲ ಸರಿಯಿತು ಅಂತ ತಿಳಿಸಲು ಮನೆಯ ಉದ್ದನೆಯ ಓಣಿಯನ್ನು ಮತ್ತೆ ಮತ್ತೆ ತೋರಿಸುತ್ತಾರೆ. ಕೂಡು ಮನೆಯಲ್ಲಿ ಬೆಳೆದವರು ನೋಡಿ, ಯಾರ ಮನೆಯ ಅತ್ತೆ ಯಾರು ಅಂತ ಗುರುತು ಸಿಗುತ್ತದೆ.

ಎಲ್ಲವೂ ಗೆದ್ದಿತು ಅಂತೇನಲ್ಲ. ‘ಮಕ್ಕೆರೋನಿ’ ಅನ್ನೋ ಸಿನಿಮಾ ನನಗೆ ತೀರಾ ಮೆತ್ತಗಾಯಿತು. 1980ರ ‘ಲಾ ತೆರ್ರಾತ್ಸಾ’ಗೆ ಕಾನ್‌ನಲ್ಲಿ ಚಿತ್ರಕಥೆಯ ಪ್ರಶಸ್ತಿ ಬಂದಿರಬಹುದು. ಆದರೆ ಸೋತ ಬುದ್ಧಿಜೀವಿಗಳು ಎರಡೂವರೆ ಗಂಟೆ ಮಹಡಿ ಮೇಲೆ ನಿಂತು ಮಾತಾಡುವುದನ್ನು ಸಹಿಸುವ ತಾಳ್ಮೆ ನನಗಿಲ್ಲ. ‘ಸ್ಪ್ಲೆಂಡರ್’ದು ದುರದೃಷ್ಟ. ಮುಚ್ಚುತ್ತಿರುವ ಒಂದು ಚಿತ್ರಮಂದಿರದ ಕಥೆ ಹಿಡಿದುಕೊಂಡು 1989ರಲ್ಲಿ ಕಾನ್‌ಗೆ ಹೋದರೆ, ಅದೇ ಸ್ಪರ್ಧೆಯಲ್ಲಿ ಚಿತ್ರಮಂದಿರದ್ದೇ ಕಥೆಯಿರುವ ‘ಸಿನೆಮಾ ಪ್ಯಾರಡಿಸೊ’ ಇತ್ತು. ಮುಂದಿನದು ನಿಮಗೆ ಗೊತ್ತೇ ಇದೆ.

2011ರಲ್ಲಿ ಇನ್ನು ಸಿನಿಮಾ ಸಾಕು ಅಂದರು. ಎರಡು ವರ್ಷದ ಮೇಲೆ ಮತ್ತೆ ಒಂದು ಮಾಡಿದರು, ಫೆಲ್ಲಿನಿಯ ನೆನಪಿನಲ್ಲಿ. ಅದರಲ್ಲಿ ‘ಮಾರ್ಕ್‌ಔರೇಲಿಯೊ’ ಕಚೇರಿಯನ್ನೇ ಮತ್ತೆ ಕಟ್ಟಿ, ಒಬ್ಬ ಹುಡುಗನನ್ನು ಚಿತ್ರಗಳ ಕಟ್ಟಿನ ಜೊತೆ ಒಳಗೆ ಕಳಿಸಿದ್ದಾರೆ. 2016ರ ಜನವರಿ 19ರಂದು ರೋಮ್‌ನಲ್ಲಿ ತೀರಿಕೊಂಡರು. ಎಂಬತ್ತನಾಲ್ಕು ವರ್ಷ.

ಸರಿ, ಪ್ರೊಜೆಕ್ಟರ್ ಬಿಸಿಯಾಗಿದೆ ಅಂತ ಹಿಂದಿನಿಂದ ಕೈ ತೋರಿಸುತ್ತಿದ್ದಾರೆ. ಎರಡೇ ಸೂಚನೆ. ಸಿನಿಮಾ ಶುರುವಾದಾಗ ಬರುವುದು ಹಳೆಯ ಕಪ್ಪು ಬಿಳುಪು ಸುದ್ದಿಚಿತ್ರ, ಹಿಟ್ಲರ್ ರೈಲಿನಲ್ಲಿ ಬಂದಿಳಿಯುವುದು. ಅದು ಕೆಲವು ನಿಮಿಷ ನಡೆಯುತ್ತದೆ. ಬೇರೆ ಸಿನಿಮಾ ಹಾಕಿದ್ದಾರೆ ಅಂತ ಗಲಾಟೆ ಮಾಡಬೇಡಿ. ಆಮೇಲೆ ಕ್ಯಾಮೆರಾ ಆ ಕಟ್ಟಡದ ಅಂಗಳದಲ್ಲಿ ನಿಧಾನಕ್ಕೆ ಸರಿದು, ಒಂದು ಅಡುಗೆ ಮನೆಯ ಕಿಟಕಿಯೊಳಗೆ ಹೋಗುತ್ತದೆ, ಅಂತೊನಿಯೆತ್ತಾಳ ಹಿಂದೆಯೇ ಕೋಣೆಯಿಂದ ಕೋಣೆಗೆ ನಡೆಯುತ್ತಾ ಮಕ್ಕಳನ್ನು ಎಬ್ಬಿಸುತ್ತದೆ. ಬಣ್ಣ ಮಾಸಿದ ಹಾಗೆ ಕಾಣುವುದು ಬಲ್ಬಿನ ದೋಷ ಅಲ್ಲ, ಬೇಕು ಅಂತಲೇ ಮಾಡಿದ್ದು. ಎಲ್ಲರೂ ಹೋದ ಮೇಲೆ ಪಂಜರದಿಂದ ಮೈನಾ ಹಾರಿ ಹೋಗಿ ಎದುರು ಮನೆಯ ಕಿಟಕಿ ಹತ್ತಿರ ಕೂರುತ್ತದೆ. ಅಲ್ಲಿಂದ ಮುಂದೆ ನಾನು ಹೇಳುವುದಿಲ್ಲ.

ಎರಡನೆಯದು, ಸಬ್‌ಟೈಟಲ್ ನಾನೇ ಮಧ್ಯಾಹ್ನ ಕೂತು ಪೂರ್ತಿ ನೋಡಿದ್ದೇನೆ, ಸರಿಯಾಗಿದೆ. ಕಿಟಕಿ ಪಕ್ಕದವರು ಪರದೆ ಎಳೆದುಬಿಡಿ.